ಬೈದರೆ ಇಳಿಯುವ ಗಿಡ

ಹಂಗಳ
ಆಗಸ್ಟ್ ೧೧, ೨೦೨೫

ಚಾಮರಾಜನಗರದ ಟೀಚರಮ್ಮ ನಾಗರತ್ನಳಿಗೆ,

ನಿನ್ನ ಅಕ್ಕ ಪುಟ್ಟಬಸಮ್ಮ ಬರೆಯುತ್ತಿದ್ದೇನೆ. ನಾವು ಕ್ಷೇಮ ಅಂತ ಬರೆಯುವುದು ವಾಡಿಕೆ. ಆದರೆ ನಾವು ಕ್ಷೇಮವಾಗಿಲ್ಲ, ಅದಕ್ಕೆ ನೀನೇ ಕಾರಣ. ನೀನು ಕ್ಷೇಮವಾಗಿಯೇ ಇರುತ್ತೀಯ, ಕೇಳುವುದೇನು. ನಿನ್ನ ಫೋನು ತೆಗೆಯಲಿಲ್ಲ, ಕಾಗದವೂ ತಡವಾಯಿತು. ಕ್ಷಮಿಸು ಅನ್ನಬೇಕು, ಅನ್ನುವುದಿಲ್ಲ. ಫೋನಿನಲ್ಲಾದರೆ ನೀನು ನಡುವೆ ಬಾಯಿ ಹಾಕುತ್ತೀಯ. ಕಾಗದದಲ್ಲಿ ಆ ಆಟ ನಡೆಯುವುದಿಲ್ಲ.

ತಾಯಿಗಿಡ ಸಿಗಲಿಲ್ಲ. ಪಕ್ಕದ ಹೊಲದ ಮಾದೇಶ ಪಾಪ ಬೈಕಿನಲ್ಲಿ ಕಾಡಂಚಿನ ಮದ್ದೂರಿನವರೆಗೂ ಹುಡುಕಿ ಬಂದ. ಹಗ್ಗ, ಗೂಟ ಎಲ್ಲ ನೇತಾಡಿಸಿಕೊಂಡು ಗಿಡ ಗೋಪಾಲಸ್ವಾಮಿ ಬೆಟ್ಟದ ಮಂಜಿನೊಳಕ್ಕೆ ತೇಲಿಹೋದದ್ದನ್ನು ಬಸ್ಸಿನವರು ನೋಡಿದರಂತೆ. ಫಾರೆಸ್ಟ್ ಗಾರ್ಡ್‌ನ ಕೇಳಿದರೆ "ಕಾಡೊಳಕ್ಕೆ ಬುಡಾಕಿಲ್ಲ ಕಣಕ್ಕ, ಪರ್ಮಿಷನ್ ತಕಬನ್ನಿ" ಅಂದ. ಗಿಡ ಯಾರ ಪರ್ಮಿಷನ್ ತಗೊಂಡು ಹೋಯಿತೋ ಕಾಣೆ.

ಸಂಬಳ ಬಂದ ಮೇಲೆ ನಿನಗೆ ಎಲ್ಲ ಮರೆತಿದೆ, ಅದಕ್ಕೇ ಮತ್ತೆ ಹೇಳುತ್ತೇನೆ. ತೇಲುಗಿಡಕ್ಕೆ ನೆಲದ ಹಂಗಿಲ್ಲ, ಬೇರೂ ಗಾಳಿಯಲ್ಲೇ. ಬೈದರೆ ಇಳಿಯುತ್ತದೆ, ಹೊಗಳಿದರೆ ಏರುತ್ತದೆ. ಹೂ ಕೈಗೆ ಎಟುಕಬೇಕಲ್ಲ, ಅದಕ್ಕೇ ನಾವು ಬೆಳಗೆದ್ದು ಬೈಯುವುದು. ಹೂ ಮುಗಿದ ಮುದಿಗಿಡವನ್ನು ಕಳಿಸಿಕೊಡುವಾಗ ಮಾತ್ರ ಹಗ್ಗ ಬಿಚ್ಚಿ "ಚಿನ್ನ, ರನ್ನ" ಅನ್ನುತ್ತೇವೆ. ಓಣಂ ಹೂವಿಗೆ ಬರುವ ವಯನಾಡಿನ ವ್ಯಾಪಾರಿಗೂ ಇದು ಗೊತ್ತು. ಆ ಒಳ್ಳೆಯ ಮನುಷ್ಯ ಬೇಲಿಯ ಆಚೆ ನಿಂತು ಗಿಡಗಳನ್ನು ನೋಡಿ ಮೂಗು ಮುರಿದೇ ರೇಟು ಮಾತಾಡುತ್ತಾನೆ.

ನೀನು? ನೀವು ಇಲ್ಲಿಗೆ ಬಂದಿದ್ದಾಗ ನಿನ್ನ ಗಂಡ ಮೃತ್ಯುಂಜಯ ವಿಡಿಯೋ ಹಿಡಿದ. ನೀನು ತಾಯಿಗಿಡದ ಕೆಳಗೆ ನಿಂತು, "ಎಷ್ಟು ಚೆಂದ ಇದ್ದೀಯ ಬಂಗಾರ, ಲೋಕದಲ್ಲೇ ನಿನ್ನಂಥೋರು ಇಲ್ಲ" ಅಂತ ಮುದ್ದು ಸುರಿಸಿದೆ. "ಬಾಯ್ ಮುಚ್ಕಳಮ್ಮಿ!" ಅಂತ ನಾನು ಕೂಗಿಕೊಂಡು ಓಡಿಬರುವಷ್ಟರಲ್ಲಿ ಗೂಟವೇ ಕಿತ್ತುಬಂದಿತ್ತು. ಹೊಲದಲ್ಲಿರುವ ಗಿಡಗಳೆಲ್ಲ ಅದರ ಬೀಜದವು. ಅವ್ವ ಮದುವೆಯಾಗಿ ಬಂದಾಗಿನಿಂದ ಬೈದು ಬೈದು ಇಳಿಸಿಟ್ಟಿದ್ದ ಗಿಡ ಅದು. ಆಮೇಲೆ ನೀನು ಅಂದದ್ದೇನು? "ಒಂದು ಗಿಡ ತಾನೇ ಅಕ್ಕ? ಗಿಡದ ಹತ್ತಿರವೂ ಮಕ್ಕಳ ಹತ್ತಿರವೂ ಪ್ರೀತಿಯಿಂದ ಮಾತಾಡಬೇಕು." ಈ ಪಾಠವನ್ನು ನಿನ್ನ ಕ್ಲಾಸಿನಲ್ಲಿ ಇಟ್ಟುಕೋ.

ಅವ್ವ ಜಗಲಿಯಲ್ಲೇ ಕೂತಿದ್ದಳು. ನಿನಗೆ ಒಂದು ಮಾತೂ ಅನ್ನಲಿಲ್ಲ. ನನ್ನ ಕಡೆ ತಿರುಗಿ "ಗೂಟ ಸರ್ಯಾಗಿ ಬಡಿಯಕ್ಕಾಗಾಕಿಲ್ವ ಮೂದೇವಿ" ಅಂದಳು. ನನಗೆ ಸಮಾಧಾನವಾಯಿತು. ನಿನಗೆ ಇದು ಅರ್ಥವಾಗುವುದಿಲ್ಲ. ಚಿಕ್ಕಂದಿನಿಂದ ನಿನಗೆ ಒಳ್ಳೆ ಮಾತು, ನನಗೆ ಬೈಗುಳ. ನೀನು ಗೆದ್ದೆ ಅಂದುಕೊಂಡೆ. ನಾನು ಗಿಡ ಕಟ್ಟುವವರ ಮಗಳು ಕಣೆ, ಯಾರನ್ನು ಕಳಿಸುತ್ತಾರೆ, ಯಾರನ್ನು ಇಟ್ಟುಕೊಳ್ಳುತ್ತಾರೆ ಅಂತ ನನಗೆ ಗೊತ್ತಿತ್ತು. ನಿನ್ನನ್ನು ಹೊಗಳಿ ಹೊಗಳಿಯೇ ಚಾಮರಾಜನಗರಕ್ಕೆ ದಾಟಿಸಿದಳು. ನನ್ನನ್ನು ನೋಡಲು ಬಂದ ಗಂಡಿನವರ ಮುಂದೆ "ಸೋಂಬೇರಿ ಇವ್ಳು, ಕಟ್ಕಂಡ್ರೆ ಕೆಟ್ರಿ" ಅಂದು ಉಳಿಸಿಕೊಂಡಳು. ಊರವರು ನನ್ನನ್ನು ನೋಡಿ ಅಯ್ಯೋ ಪಾಪ ಅಂದರು. ನಾನು ಅನ್ನಲಿಲ್ಲ.

ನೀನು ಹೋದ ಮೇಲೆ ಅವ್ವ ಹೊಲದ ಕಡೆ ಬರುತ್ತಿಲ್ಲ. ವಿಭೂತಿ ಹಚ್ಚಿಕೊಂಡು ಜಗಲಿಯಲ್ಲಿ ಕೂತು ಬೆಟ್ಟ ನೋಡುತ್ತಾಳೆ. ಗಿಡಗಳಿಗೆ ನಾನೇ ಬೈಯುತ್ತಿದ್ದೇನೆ. ಮೊಳದಷ್ಟು ಇಳಿದಂತೆ ಮಾಡಿ ಮತ್ತೆ ಏರಿಬಿಡುತ್ತವೆ, ಏಣಿ ಹಾಕಿ ಹೂ ಕೀಳುತ್ತಿದ್ದೇನೆ. "ನಿಮ್ ಬೈಗುಳ ಸಪ್ಪೆ ಕಣಕ್ಕ, ದೊಡ್ಡವ್ವ ಬೈದ್ರೆ ಮೋಡನೂ ಇಳೀತಿತ್ತು" ಅಂತ ಮಾದೇಶ ನಗುತ್ತಾನೆ. ಅವನಿಗೆ ಈ ಕಾಗದ ಓದಿಸಬೇಕು.

ಗೌರಿ ಹಬ್ಬಕ್ಕೆ ಬರಬೇಡ. ಸೀರೆ ಕಳಿಸಬೇಡ. ಹೋದ ಸಲ ಕಳಿಸಿದ್ದನ್ನು ಬೆದರುಬೊಂಬೆಗೆ ಉಡಿಸಿದ್ದೇನೆ, ಅದಕ್ಕೂ ಒಪ್ಪುತ್ತಿಲ್ಲ. ಆ ವಿಡಿಯೋ ಇನ್ನೂ ಇದ್ದರೆ ಅಳಿಸಿಹಾಕು.

ನಿನ್ನ ಮಕ್ಕಳಿಗೆ ಶಿವ ಆಯಸ್ಸು ಕೊಡಲಿ, ಬುದ್ಧಿಯನ್ನೂ ಅವನೇ ಕೊಡಲಿ. ಅಪ್ಪ ಅಮ್ಮನ ಕಡೆಯಿಂದ ಬರುವ ಹಾಗೆ ಕಾಣುವುದಿಲ್ಲ. ಮೃತ್ಯುಂಜಯನಿಗೂ ಆಶೀರ್ವಾದ. ನಿನ್ನದನ್ನು ಆಮೇಲೆ ನೋಡೋಣ.

ಇತಿ,
ನಿನ್ನ ಅಕ್ಕ
ಪುಟ್ಟಬಸಮ್ಮ

ಮಡಿಸಿದ್ದ ಕಾಗದ ಮತ್ತೆ ಬಿಚ್ಚಿ ಬರೆಯುತ್ತಿದ್ದೇನೆ: ಇವತ್ತು ಬೆಳಗ್ಗೆ ಅವ್ವನ ಅಂಬಲಿಗೆ ಬೇಕೆಂದೇ ಉಪ್ಪು ಹಾಕಲಿಲ್ಲ, ಬೈಯಲಿ ಅಂತ. ಒಂದು ತೊಟ್ಟೂ ಬಿಡದೆ ಕುಡಿದಳು. ಆಮೇಲೆ ನನ್ನ ಕೆನ್ನೆ ಸವರಿ, "ನನ್ ಚಿನ್ನ ಕಣಮ್ಮಿ ನೀನು, ನಿನ್ನಂಥ ಮಗಳು ಯಾರ್ಗೂ ಉಟ್ಟಿಲ್ಲ" ಅಂದಳು. ನನ್ನ ಕೈಯಿಂದ ಲೋಟ ಬಿತ್ತು. ಅದಕ್ಕೂ ಬೈಯಲಿಲ್ಲ. ನಾಗೂ, ನನಗೆ ಭಯವಾಗುತ್ತಿದೆ. ಅವಳು ಹೊರಟಿದ್ದಾಳೋ, ನನ್ನನ್ನು ಕಳಿಸುತ್ತಿದ್ದಾಳೋ ತಿಳಿಯುತ್ತಿಲ್ಲ. ಈ ಮನೆ ಬಿಟ್ಟು ನಾನು ಎಲ್ಲಿಗೆ ಹೋಗಲಿ? ಮೇಲೆ ಬರೆದದ್ದನ್ನೆಲ್ಲ ಬಿಡು, ಕಾಗದ ಕಂಡ ಕೂಡಲೇ ಬಸ್ಸು ಹತ್ತು. ಬಂದು ಅವ್ವನಿಗೆ ನನ್ನ ಮೇಲೆ ಏನಾದರೂ ಚಾಡಿ ಹೇಳು.