ಯಾರ ಅಳತೆ?

ಫೆಬ್ರುವರಿ 3
ಬೆಳಿಗ್ಗೆಯಿಂದ ಬೆರಳುಗಳೇ. ಅಮೆರಿಕದ ಯಾವುದೋ ಆಸ್ಪತ್ರೆಯ ಚಾರ್ಟುಗಳು. ಗದಗಿನಲ್ಲಿ ಕುಳಿತು ಅವುಗಳಲ್ಲಿನ ಒಂದೊಂದು ಗಾಯಕ್ಕೂ ನಂಬರಿನ ಕೋಡ್ ಹಾಕುವುದು ನಮ್ಮ ಕೆಲಸ. ಒಬ್ಬಾಕೆಗೆ ಉಂಗುರ ಬಿಗಿದು ಬೆರಳು ಬಾತಿದೆ. S60.445 — ಎಡಗೈ, ಉಂಗುರ ಬೆರಳು, ಹೊರಗಿನಿಂದ ಬಿಗಿತ. ಬಲಗೈ ಆದರೆ ಬೇರೆ ನಂಬರು. ಯಾತರಿಂದ ಬಿಗಿಯಿತು ಅನ್ನುವುದಕ್ಕೆ ಮತ್ತೊಂದು ಕೋಡ್. ದಾರಕ್ಕೆ ಬೇರೆ, ಉಂಗುರಕ್ಕೆ ಬೇರೆ, ಕೂದಲಿಗೂ ಬೇರೆ. ಕೂದಲು! ತಾಯಿಯ ಕೂದಲು ಕೂಸಿನ ಬೆರಳಿಗೆ ಸುತ್ತಿಕೊಳ್ಳುತ್ತದಂತೆ. ಮೊದಲ ಸಲ ತಿಳಿದಾಗ ಊಟ ಬಿಟ್ಟು ಓದಿದ್ದೆ.

ಗೊತ್ತಾಗದಿದ್ದರೆ ‘ಅನ್‌ಸ್ಪೆಸಿಫೈಡ್’ ಅಂತ ಹಾಕಿ ಮುಂದೆ ಹೋಗಬಹುದು. ನನಗೆ ಆಗಿಬರುವುದಿಲ್ಲ. ಪಕ್ಕದ ಸೀಟಿನ ಮೆಹನಾಜ ಬೈಯುತ್ತಾಳೆ — “ನಿನಗ್ಯಾಕ ಬೇಕವಾ ಊರ ಉಸಾಬರಿ?”

ಟೈಪ್ ಮಾಡುವಾಗ ನನ್ನ ಬೆರಳೇ ನೋಯುತ್ತಿದೆ. ನಿಶ್ಚಯದ ಉಂಗುರ. ಹೊನ್ನೇಶ್ ತೊಡಿಸುವಾಗ ಗೆಣ್ಣಿನಲ್ಲಿ ಸಿಕ್ಕಿಕೊಂಡಿತ್ತು. ಅವರ ತಾಯಿ ಅನ್ನಪೂರ್ಣ ಕೊಬ್ಬರಿ ಎಣ್ಣೆ ಹಚ್ಚಿ, ತಿರುವಿ ತಿರುವಿ ದಾಟಿಸಿದರು. ಲಕ್ಷ್ಮೇಶ್ವರದ ಬೀಗರ ಮಂದಿಯೆಲ್ಲ ನಕ್ಕರು. ನಾನೂ ನಕ್ಕೆ.

ಫೆಬ್ರುವರಿ 5
ಅವ್ವನಿಗೆ ಹೇಳಿದೆ. “ಲಗ್ನ ಆಗೂತನಕ ತಗೀಬಾರ್ದು. ಕತ್ತರಿಸೂದಂತೂ ಬಾಯಾಗ ತರಬ್ಯಾಡ, ಅಪಶಕುನ.”

ಆದರೆ ಅಳತೆ ತೆಗೆದವಳು ಅವಳೇ. ನನ್ನ ಬೆರಳಿಗೆ ದಾರ ಸುತ್ತಿ, ಗಂಟು ಹಾಕಿ, ಕುಂಕುಮದ ಪೊಟ್ಟಣದೊಳಗಿಟ್ಟು ಬೀಗರಿಗೆ ಕಳಿಸಿದ್ದಳು. ಬೆಟಗೇರಿಯ ನೇಕಾರರ ಮನೆಯ ಹೆಂಗಸು. ನೂಲಿನ ವಿಷಯದಲ್ಲಿ ತಪ್ಪುವವಳಲ್ಲ.

“ದಾರ ಬರೊಬ್ಬರಿ ಇತ್ತು. ನೀನ ದಪ್ಪಾಗಿ.”

ಒಂದೇ ಬೆರಳು ದಪ್ಪವಾಗುತ್ತದೆಯೆ? ಬಳೆಗಳು ಅವೇ, ಸಲೀಸಾಗಿ ಏರುತ್ತವೆ. ಹಾಗಾದರೆ ಉಂಗುರ ಯಾಕೆ ಸಣ್ಣ?

ಫೆಬ್ರುವರಿ 6, ಮಧ್ಯಾಹ್ನ
ತಡೆಯಲಾಗಲಿಲ್ಲ, ಹೊನ್ನೇಶ್‌ಗೆ ಫೋನ್ ಮಾಡಿದೆ. ಬೀಜ-ಗೊಬ್ಬರದ ಅಂಗಡಿ, ಹಿಂದೆ ಗಿರಾಕಿಗಳ ಗದ್ದಲ.

“ಅವ್ವ ಕಳಿಸಿದ ದಾರ ಉಂಗುರ ಮಾಡೂ ಪತ್ತಾರಗ ಕೊಟ್ಟಿದ್ರೇನ್ರಿ?”

ಯಾರಿಗೋ ಗೊಬ್ಬರದ ರೇಟು ಹೇಳಿದರು. ಆಮೇಲೆ — “ಸಂಜೀಕ ಮಾತಾಡೂಣ್ರಿ.”

ಕೊಟ್ಟೆ, ಇಲ್ಲ. ಎರಡೇ ಉತ್ತರ. ಅದಕ್ಕೆ ಸಂಜೆ ಯಾಕೆ ಬೇಕು?

ಫೆಬ್ರುವರಿ 7
ಸಂಜೆಯ ಫೋನ್ ಬರಲಿಲ್ಲ. ಬೆರಳು ಬದನೆಕಾಯಿ ಬಣ್ಣಕ್ಕೆ ತಿರುಗಿದೆ. ಸೋಪು, ಎಣ್ಣೆ, ಐಸು... ಜಗ್ಗಲಿಲ್ಲ.

ಫೆಬ್ರುವರಿ 8
ಎದ್ದಾಗ ಬೆರಳ ತುದಿ ಜೋಮು. ಚಿವುಟಿದರೂ ಗೊತ್ತಾಗುತ್ತಿಲ್ಲ. ತಡ ಮಾಡಿದವರ ಚಾರ್ಟುಗಳನ್ನೂ ಓದಿದವಳು ನಾನು, ಬೆರಳು ಉಳಿಯದವರದ್ದು. ಖರೆ ಹೆದರಿದೆ. ಅವ್ವನಿಗೆ ಹೇಳದೆ ಮೆಹನಾಜಳ ಸ್ಕೂಟಿ ಹತ್ತಿದೆ. ಆಸ್ಪತ್ರೆಯ ಬಾಗಿಲಲ್ಲಿ ನಿಂತು ಮತ್ತೆ ಫೋನ್.

“ಉಂಗುರ ಕತ್ತರಿಸಾಕ ಬಂದೀನ್ರಿ. ಖರೆ ಹೇಳ್ರಿ, ಯಾರ ಅಳತಿ ಇದು?”

“...ಮುಂಡರಗಿ ಹುಡುಗೀದು.”

ಎರಡು ವರ್ಷದ ಹಿಂದೆ ನಿಶ್ಚಯವಾಗಿದ್ದ ಸಂಬಂಧವಂತೆ. ಆ ಕಡೆಯವರೇ ಬಿಟ್ಟರಂತೆ. ಉಂಗುರ ಉಳಿಯಿತು. ಅದನ್ನೇ ಪಾಲಿಶ್ ಮಾಡಿಸಿದ್ದಾರೆ.

“ಬಂಗಾರಕ್ಕೇನು ಹಳೇದು ಹೊಸಾದು ಅಂದ್ಲು ನಮ್ಮವ್ವ. ಎದುರು ಮಾತಾಡ್ಲಿಲ್ಲ ನಾ. ನಿಮ್ಮ ದಾರ ನನ್ನ ಕಡೇನ ಉಳೀತು. ನಿಮಗ ನೋಯ್ತೈತಿ ಅಂತ ಗೊತ್ತಿದ್ರ...”

“ಎಣ್ಣಿ ಹಚ್ಚಿ ತುರುಕುವಾಗ ಗೊತ್ತಾಗ್ಲಿಲ್ಲೇನ್ರಿ?”

ಫೋನ್ ಇಟ್ಟೆ. ಇಂಥ ಸಿಟ್ಟು ನನಗೆ ಎಂದೂ ಬಂದಿರಲಿಲ್ಲ. ಉಂಗುರಕ್ಕಲ್ಲ. ಗೊತ್ತಿದ್ದೂ ಅವರು ಆ ದಿನ ಎಲ್ಲರ ಜೊತೆ ನಕ್ಕಿದ್ದಕ್ಕೆ.

ಪುಟ್ಟ ಕಟ್ಟರ್, ಕಿರ್ ಅಂತ ಸದ್ದು. ಬಿಡಿಸಿದ ಕೂಡಲೇ ಬೆರಳಿಗೆ ಬೆಂಕಿ ಇಟ್ಟಂತೆ ಉರಿ, ಆದರೂ ಜೀವ ಬಂತಲ್ಲ! ಸುತ್ತ ಆಳವಾದ ಗೆರೆ. ಡಾಕ್ಟರ್ ಕಾರಣದ ಜಾಗದಲ್ಲಿ ‘ಉಂಗುರ’ ಅಂತ ಬರೆದರು. ಯಾರ ಉಂಗುರ ಅಂತ ಕೇಳಲಿಲ್ಲ. ಅದಕ್ಕೆ ಕೋಡ್ ಕೂಡ ಇಲ್ಲ.

ಫೆಬ್ರುವರಿ 9
ಅವ್ವನಿಗೆ ಎಲ್ಲ ಹೇಳಿದೆ. ಅಪಶಕುನ ಅಂತ ಅಳುತ್ತಾಳೆ ಅಂದುಕೊಂಡಿದ್ದೆ. ನನ್ನ ಬೆರಳು ಹಿಡಿದು ಗೆರೆ ಸವರಿ ನೋಡಿದಳು.

“ದಾರ ಬರೊಬ್ಬರಿ ಇತ್ತು ಅಂದಿದ್ನಿಲ್ಲೋ!”

ಆಮೇಲೆ, ಒಲೆಯ ಕಡೆ ಹೋಗುತ್ತಾ — “ಬ್ಯಾಡ ಅನಸಿದ್ರ ಬ್ಯಾಡ ಅನ್ನು. ಮಂದಿಗೆ ಹೇಳಾಕ ನಾ ಅದೀನಿ.”

ಫೆಬ್ರುವರಿ 19, ಸಂಜೆ
ಬಾವು ಇಳಿದಿದೆ. ಗೆರೆ ಮಾತ್ರ ಇದೆ. ಇಷ್ಟು ದಿನ ಹೊನ್ನೇಶ್ ಅವರ ಫೋನ್ ಎತ್ತಲಿಲ್ಲ. ಬೇಕೋ ಬೇಡವೋ... ನನ್ನದೇ ಉತ್ತರ ಅನ್‌ಸ್ಪೆಸಿಫೈಡ್.

ಈಗ ಬಂದು ಪಡಸಾಲೆಯಲ್ಲಿ ಕುಳಿತಿದ್ದಾರೆ. ಲಕ್ಷ್ಮೇಶ್ವರದಿಂದ ಬಸ್ಸಿನಲ್ಲಿ, ಒಬ್ಬರೇ. ತಾಯಿಗೆ ಹೇಳಿಯೇ ಬಂದರಂತೆ. ಮನೆಯಲ್ಲಿ ಜಗಳವೂ ಆಯಿತಂತೆ. ಕಿಸೆಯಿಂದ ಪೊಟ್ಟಣ ತೆಗೆದು ನನ್ನ ಮುಂದಿಟ್ಟರು. ಅವ್ವನ ದಾರ. ಕುಂಕುಮ ಹತ್ತಿದೆ, ಗಂಟು ಹಾಗೇ ಇದೆ.

“ಮನಸ್ಸಿದ್ರ ಹಾಕ್ಕೊಂಡು ನೋಡ್ರಿ. ಇದರ ಅಳತಿಗೆ ಹೊಸಾದು ಮಾಡಸ್ತೀನಿ. ಒಲ್ಲೆ ಅಂದ್ರ ದಾರ ನಿಮ್ಮ ಕಡೇನ ಇರ್ಲಿ, ನಾ ಹೋಗ್ತೀನಿ.”

ಪೊಟ್ಟಣ ಹಿಡಿದು ಒಳಗೆ ಬಂದು ಇದನ್ನು ಬರೆಯುತ್ತಿದ್ದೇನೆ. ಮೊದಲು ನೋಡಿಬಿಡಬೇಕು, ಆಮೇಲೆ ಉಳಿದದ್ದು. ಹಾಕಿದೆ. ಗೆಣ್ಣು ದಾಟಿತು. ಗೆರೆಯ ಮೇಲೆ ಸರಿಯಾಗಿ ಕುಳಿತಿದೆ, ಎಲ್ಲೂ ಬಿಗಿಯದೆ.

ಹೊರಗಿನಿಂದ ಕೇಳುತ್ತಿದ್ದಾರೆ — “ಬಿಗಿ ಆತೇನ್ರಿ?”

ನಿಶ್ಚಯದ ದಿನ ಇದನ್ನು ಯಾರೂ ಕೇಳಿರಲಿಲ್ಲ. ದಾರ ತೆಗೆಯದೆ, ಹಾಗೇ ಹೊರಗೆ ಹೋಗಿ, “ಇಲ್ರಿ, ಬರೊಬ್ಬರಿ ಐತಿ” ಅನ್ನುತ್ತೇನೆ.