ಅನಾಥವೆಂದು ಅಳಿಸಿದ ಫೈಲು

ಮಾರ್ಚ್ ೧೪, ಮಂಗಳವಾರ

ಬೆಳಿಗ್ಗೆ ಹೇಳಿದ ಸುಳ್ಳು ಇನ್ನೂ ಮನಸ್ಸನ್ನು ಕೊರೆಯುತ್ತಿದೆ.

ನಮ್ಮ ಬ್ರೈಲ್ ಮುದ್ರಣಾಲಯದಲ್ಲಿ ಕರಡು ತಿದ್ದುವ, ನಾವೆಲ್ಲ ಅಣ್ಣ ಎಂದು ಕರೆಯುವ ಹಿರಿಯರ ಕಂಪ್ಯೂಟರು ತೀರಾ ಹಳೆಯದು. ಹಲವು ಪ್ರೋಗ್ರಾಮುಗಳು ಹಂಚಿಕೊಂಡು ಬಳಸುವ ಲೈಬ್ರರಿ ಫೈಲುಗಳನ್ನು ಅದರಲ್ಲಿ ಒಂದು ವಾರದಿಂದ ವಿಂಗಡಿಸುತ್ತಿದ್ದೇನೆ. ಸಿಸ್ಟಮಿನವು ಒಂದು ಪಟ್ಟಿಗೆ, ಮುದ್ರಣದವು ಇನ್ನೊಂದಕ್ಕೆ. ನಿನ್ನೆ ಸಿಕ್ಕ ಒಂದು ಫೈಲಿಗೆ ತಯಾರಕರ ಹೆಸರೂ ಇರಲಿಲ್ಲ, ವಿವರವೂ ಇರಲಿಲ್ಲ. ‘ಅನಾಥ’ ಎಂದು ಬರೆದು ಅಳಿಸಿಬಿಟ್ಟೆ.

ಇವತ್ತು ಬೆಳಿಗ್ಗೆ, ಪರದೆಯ ಮೇಲಿನದನ್ನು ಓದಿ ಹೇಳುವ ದನಿ ಪೂರ್ತಿ ನಿಂತುಹೋಗಿತ್ತು. ಕಣ್ಣು ಕಾಣದ ಅಣ್ಣನಿಗೆ ಆ ದನಿಯಿಲ್ಲದೆ ಕೆಲಸವೇ ಇಲ್ಲ. ನಾನು ಅಳಿಸಿದ ಫೈಲು ಆ ದನಿಯದೇ ಎಂದು ಆಗಲೇ ಹೊಳೆಯಿತು.

“ಏನಾಯ್ತಮ್ಮಾ ಇದಕ್ಕೆ?” ಎಂದರು.

“ಮಷೀನು ಹಳೇದಲ್ವಾ ಅಣ್ಣ” ಎಂದು ಜಾರಿಕೊಂಡೆ.

ಮಧ್ಯಾಹ್ನದವರೆಗೂ ಅವರು ಹೆಡ್‌ಫೋನ್ ತೆಗೆಯದೆ ಸುಮ್ಮನೆ ಕೂತಿದ್ದರು. ಮೇಲ್ವಿಚಾರಕಿ ಬಂದು ದನಿಯೆತ್ತಿದಾಗ, “ನಾನೇ ಏನೋ ತಪ್ಪು ಒತ್ತಿರ್ಬೇಕು, ಈ ಹುಡುಗೀನ ಬೈಬೇಡಿ” ಎಂದರು.

“ಅಳಿಸಿದ್ದು ನಾನು ಮೇಡಂ” ಎಂದೆ. ಇಬ್ಬರ ಎದುರೇ ಕೂತು, ವಿಂಗಡಿಸಲು ಶುರುಮಾಡುವ ಮುಂಚೆ ತೆಗೆದಿಟ್ಟಿದ್ದ ಪ್ರತಿಯಿಂದ ಆ ಫೈಲನ್ನು ಮರಳಿ ಹಾಕಿದೆ. ದನಿ ಬಂತು. ಮೇಲ್ವಿಚಾರಕಿ ಹೊರಟುಹೋದರು. ಅಣ್ಣ ನಕ್ಕರು.

“ನಂಗೊತ್ತಿತ್ತು ಬಿಡು. ನಿನ್ನೆ ನೀನು ಎದ್ದು ಹೋದ್ಮೇಲೇ ಅದು ತೊದಲೋಕೆ ಶುರು ಮಾಡ್ತು.”

ನನ್ನ ಸುಳ್ಳನ್ನು ಕೇಳಿದ ಕ್ಷಣವೇ ಅದು ಸುಳ್ಳೆಂದು ಅವರಿಗೆ ತಿಳಿದಿತ್ತು. ಆದರೂ ಅಷ್ಟು ಹೊತ್ತು ಏನೂ ಅನ್ನದೆ, ನಾನಾಗಿಯೇ ಹೇಳಲೆಂದು ಕಾದು ಕೂತಿದ್ದರೇನೋ. ಅಥವಾ ಅವರು ನಿಜವಾಗಿಯೂ ನನ್ನನ್ನು ಬೈಗುಳದಿಂದ ಉಳಿಸಲೆಂದೇ ತಪ್ಪನ್ನು ತಮ್ಮ ಮೇಲೆ ಹಾಕಿಕೊಂಡರೇನೋ.