ಅತ್ತೆಯ ಪಾಲಿನ ಕಡಲೆಕಾಯಿ

ಅತ್ತೆಗೆ ಸೊಸೆಯ ನಮಸ್ಕಾರ.

ಇಲ್ಲಿ ಎಲೆ ಉದುರುವ ಕಾಲ, ಚಳಿ ಶುರುವಾಗಿದೆ. ನಾನು ಹಲ್ಲಿನ ಸೆಟ್ಟು ಮಾಡಲು ಕಲಿಯುತ್ತಿರುವ ಅಂಗಡಿಯ ಯಜಮಾನಿ, ಹಲ್ಲು ಕೀಳಿಸಿಕೊಂಡು ಸೆಟ್ಟಿಗೆ ಕಾಯುವವರಿಗೆಂದೇ ಒಲೆಯ ಮೇಲೆ ಸೂಪು ಇಟ್ಟಿರುತ್ತಾರೆ. ನಿನ್ನೆ ಅದನ್ನು ನನ್ನ ಕೈಯಲ್ಲಿ ಮಾಡಿಸಿದರು. ಈರುಳ್ಳಿ, ಶುಂಠಿ ಬಾಡಿಸಿ, ಗೆಣಸು ಬೇಯಿಸಿ ನುಣ್ಣಗೆ ಅರೆದು, ಕೊನೆಗೆ ಒಂದು ಸೌಟು ಪೀನಟ್ ಬಟರ್ ಕದಡಿದೆ. ಹೆಸರು ದೊಡ್ಡದು, ಹುರಿದ ಕಡಲೆಕಾಯಿ ಬೀಜವನ್ನು ಬೆಣ್ಣೆಯಂತೆ ಅರೆದದ್ದು ಅಷ್ಟೇ. ಘಮ ಬಂದದ್ದೇ ನೀವು ನೆನಪಾದಿರಿ. ಹಲ್ಲು ಬಿದ್ದ ಮೇಲೂ ದಿನಾ ಸಂಜೆ ಕಡಲೆಕಾಯಿ ಹುರಿದು, ಸುಲಿದು, ನಮ್ಮ ಕೈಗೆ ಹಾಕಿ, ನೀವು ಬರೀ ಅಂಗೈ ಮೂಸಿಕೊಳ್ಳುತ್ತೀರಿ. ಸೆಟ್ಟು ಹಾಕಿಸಿಕೊಳ್ಳಿ ಎಂದರೆ, "ಪ್ಲಾಸ್ಟಿಕ್ ಹಲ್ಲು ಇಟ್ಕೊಂಡು ನಾನು ಯಾರನ್ನ ಕಚ್ಬೇಕಾಗಿದೆ?" ಅಂತೀರಿ.

ನನ್ನ ಕೆಮ್ಮು ವಾಸಿಯಾಗಿದೆ. ನೀವು ಮಂಡಿಗೆ ಎಣ್ಣೆ ಹಚ್ಚುವುದು ತಪ್ಪಿಸಬೇಡಿ.

ಕಾರ್ಡಿನಲ್ಲಿ ಜಾಗ ಮುಗಿಯುತ್ತಿದೆ. ಊರಿಗೆಲ್ಲ ಹಲ್ಲು ಕಟ್ಟಿದರೂ ಇನ್ನು ನಿಮ್ಮ ಬಾಯಿಯ ತಂಟೆಗೆ ಬರುವುದಿಲ್ಲ. ನಾನು ಬಂದ ದಿನ ಸಂಜೆ ನೀವು ಕಡಲೆಕಾಯಿ ಹುರಿಯಿರಿ, ಸುಲಿದು ಅರೆದು ಸೂಪಿಗೆ ಕದಡುವುದು ನನಗಿರಲಿ. ಮೊದಲ ಬಟ್ಟಲು ನಿಮ್ಮದು.

ನಿಮ್ಮ ಹಠಕ್ಕೆ ಸೋತ
ಸೊಸೆ